ಕೆಂಪು ಬಂದರೆ ನಿಲ್ಲುವ ಹಾಡು

ಹಾಡನ್ನು ಕಣ್ಣಿನಿಂದ ಕೇಳುವ ಮನುಷ್ಯ ಇಡೀ ನಾಗಪುರದಲ್ಲಿ ಒಬ್ಬರೇ ಇದ್ದಾರೆ. ನನ್ನ ಹಣೆಬರಹಕ್ಕೆ ಅವರು ನನ್ನ ಕಾಕಾ!

ಹುಬ್ಬಳ್ಳಿಯಿಂದ ಸ್ಟೇಷನ್ ಮಾಸ್ತರರಾಗಿ ಬಂದು ಇಲ್ಲೇ ನಿವೃತ್ತರಾದವರು. ಎರಡು ವರ್ಷದಿಂದ ಕಂಪ್ಯೂಟರಿನ ಮುಂದೆ ಕೂತು ಹಾಡುಗಳಿಗೆ ಚಲಿಸುವ ಚಿತ್ರ ಬರೆಯುತ್ತಾರೆ. ಚಿತ್ರವೆಂದರೆ ಗಿಡವಿಲ್ಲ, ಮನುಷ್ಯರಿಲ್ಲ. ಬರೀ ಚುಕ್ಕೆ, ಗೆರೆ, ಬಣ್ಣ! ಸ್ವರ ಏರಿದರೆ ಚುಕ್ಕೆ ಏರಬೇಕು, ತಾನ್ ಬಂದರೆ ಗೆರೆಗಳು ಎದ್ದು ಬಿದ್ದು ಓಡಬೇಕು. ಒಂದು ಸೆಕೆಂಡಿಗೆ ಹನ್ನೆರಡು ಚಿತ್ರ! ಒಂದು ಭಜನೆ ಮುಗಿಯುವಷ್ಟರಲ್ಲಿ ಎರಡು ಕನ್ನಡಕ ಬದಲಾದವು.

ನನಗೋ ಸಿಟ್ಟು. ಮನೆಯಲ್ಲಿ ಹೆಂಡತಿ, ನಮ್ಮ ಕಾಕು, ಹಾಡುವುದನ್ನೇ ಬಿಟ್ಟಿದ್ದಾರೆ, ಇವರಿಗೆ ಬಣ್ಣದ ಹುಚ್ಚು! ಕಾಕು ಕನ್ನಡ ಸಂಘದ ಭಜನೆಗೆ ಮುಖ್ಯ ದನಿಯಾಗಿದ್ದವರು. ಕಿವಿ ಮಂದವಾಗಿ, ಒಮ್ಮೆ ಹಾರ್ಮೋನಿಯಂ ಪೇಟಿ ಯಾವ ಸ್ವರಕ್ಕೆ ಬಂದಿದೆ ಎಂದು ಕೇಳಿಸದೆ ಸಾಲನ್ನು ಮೊದಲೇ ಮುಗಿಸಿಬಿಟ್ಟರು. ಹಿಂದೆ ಯಾರೋ ಕಿಸಕ್ಕೆಂದರು. ಅಂದಿನಿಂದ ಅಡುಗೆಮನೆಯಲ್ಲೂ ಗುನುಗಿಲ್ಲ.

ಕಾಕಾ ಒಮ್ಮೆ ನನ್ನನ್ನು ಇತವಾರಿ ಪೇಟೆಯ ಬಟ್ಟೆ ಅಂಗಡಿಗೆ ಎಳೆದೊಯ್ದರು. ಕಣ್ಣು ಮುಚ್ಚಿ ಕೋಮಲ ಗಾಂಧಾರವನ್ನು ಉದ್ದಕ್ಕೆ ಎಳೆದು, "ಭಯ್ಯಾ, ಐಸಾ ರಂಗ್ ದಿಖಾವೋ" ಎಂದು ಆ ಸ್ವರದಂಥ ಬಣ್ಣ ಕೇಳಿದರು! ಸ್ವರ ಬೇಡ, ಮೀಟರಿನ ಲೆಕ್ಕದಲ್ಲಿ ಹೇಳಿ ಎಂದು ಅಂಗಡಿಯವನು ಕೈಮುಗಿದ: "ಕಾಕಾಜಿ, ಮೀಟರ್ ಮೇ ಬೋಲೋ ನಾ!"

ಸ್ಟೇಷನ್ ಮಾಸ್ತರಿಕೆಯ ಬುದ್ಧಿ ಎಲ್ಲಿ ಹೋದೀತು? ಸಾಲು ಮುಗಿಯುವ ಷಡ್ಜಕ್ಕೆ ಕೆಂಪು ಬಣ್ಣ. ಕೆಂಪು ಬಂತೋ, ಚಿತ್ರವೆಲ್ಲ ಗಕ್ಕನೆ ನಿಲ್ಲಬೇಕು!

"ಕಾಕಾ, ನಡುವ ನಿಂತ್ರ ಮಂದಿ ಏನಂತಾರ್ರೀ?"

"ಕೆಂಪು ಬಿದ್ರ ಎಕ್ಸ್‌ಪ್ರೆಸ್ ಗಾಡಿನೂ ನಿಲ್ತೈತಿ. ಮಂದಿದೇನ್ ತಗೀತಿ?"

ಮೊನ್ನೆ ಸಂಘದಲ್ಲಿ ಪ್ರದರ್ಶನ. ಪೇಟಿ ಶುರುವಾಯಿತು, ಪರದೆಯ ಮೇಲೆ ಚುಕ್ಕೆಗಳು ಕುಣಿದವು. ಮೊದಲ ಕೆಂಪಿಗೇ ಚಿತ್ರ ನಿಂತಿತು. "ಕಂಪ್ಯೂಟರ್ ಹ್ಯಾಂಗ್ ಆತ್ರೀ! ಜಲ್ದಿ ಬಂದ್ ಮಾಡ್ರಿ!" ಎನ್ನುತ್ತ ಸಂಘದ ಕಾರ್ಯದರ್ಶಿ ಓಡಿಬಂದು ಪ್ರೊಜೆಕ್ಟರಿನ ವೈರನ್ನೇ ಕಿತ್ತರು! ಮತ್ತೆ ಹಚ್ಚಿದರು, ಮತ್ತೆ ಕೆಂಪು, ಮತ್ತೆ ಕಿತ್ತರು! ಮೂರನೇ ಸಲ ಕಾಕಾ ವೈರಿಗೆ ಅಡ್ಡಲಾಗಿ ಕುರ್ಚಿ ಹಾಕಿಕೊಂಡು ಕೂತರು. "ಯಾರರ ಮುಟ್ರಿ, ನೋಡ್ತೀನಿ!"

ಚುಕ್ಕೆಗಳು ಮತ್ತೆ ಏರತೊಡಗಿದವು. ಆಗ ಮುಂದಿನ ಕುರ್ಚಿಯಿಂದ ಒಂದು ದನಿ ಎದ್ದಿತು. ಅಯ್ಯೋ, ಕಾಕು! ಕಣ್ಣು ಪರದೆಯ ಮೇಲೆ. ಚುಕ್ಕೆ ಏರಿದಲ್ಲಿ ಏರಿ, ಗೆರೆ ತಿರುಗಿದಲ್ಲಿ ತಿರುಗಿ ಹಾಡುತ್ತಿದ್ದರು. ಕೆಂಪು ಬಂತು. ಪೇಟಿ ನಿಂತಿತು, ಕಾಕುವೂ ಬರೋಬರ್ ಅಲ್ಲೇ ನಿಂತರು. ಈ ಸಲ ಯಾರೂ ನಗಲಿಲ್ಲ. ಎರಡು ವರ್ಷ ಆ ಮನುಷ್ಯನನ್ನು ಹುಚ್ಚನೆಂದ ನನಗೆ ನಾಚಿಕೆಯಾಯಿತು.

ಕಾಕು ಅಳುಕಿ ಕಾಕಾನ ಕಡೆ ನೋಡಿದರು. ಕೂಗಿ ಹೇಳಿದರೂ ಅವರಿಗೆ ಕೇಳುತ್ತಿರಲಿಲ್ಲ. ಕಾಕಾ ಕುರ್ಚಿಯಿಂದ ಎದ್ದು ನೆಟ್ಟಗೆ ನಿಂತು, ಗಾಡಿ ಬಿಡುವಾಗ ಹಸಿರು ಬಾವುಟ ಬೀಸುತ್ತಿದ್ದ ಹಾಗೆ ಬರಿಗೈ ಬೀಸಿದರು. ಕಾಕು ಮುಂದಿನ ಸಾಲು ಎತ್ತಿಕೊಂಡರು.