ಮಕ್ಕಳ ಪರವಾಗಿ ಮಕ್ಕಳ ಶಿಬಿರ

ಬೇಸಿಗೆ ಶಿಬಿರದಿಂದ ಮಕ್ಕಳಿಗೆ ಹದಿನೇಳು ಪ್ರಯೋಜನಗಳಾಗುತ್ತವೆ ಎಂದು ಬಾಲವಿಕಾಸ ಮಂಡಳಿಯು ಸರ್ವಾನುಮತದಿಂದ ತೀರ್ಮಾನಿಸಿದೆ. ಆತ್ಮವಿಶ್ವಾಸ, ನಾಯಕತ್ವ, ಪ್ರಕೃತಿಪ್ರೇಮ, ಹಂಚಿ ತಿನ್ನುವ ಗುಣ ಮುಂತಾದವು ಅವುಗಳಲ್ಲಿ ಸೇರಿವೆ. ಸಂತೋಷವನ್ನೂ ಸೇರಿಸಬೇಕೆಂದು ಒಬ್ಬ ಸದಸ್ಯರು ಸೂಚಿಸಿದ್ದರು. ಅದನ್ನು ಅಳೆಯುವ ಸಲಕರಣೆ ಮಂಡಳಿಯ ಬಳಿ ಇಲ್ಲವೆಂದು ತಿಳಿದ ಮೇಲೆ ಅವರೇ ಸೂಚನೆಯನ್ನು ಹಿಂದಕ್ಕೆ ಪಡೆದು, ಚಹಾ ಕುಡಿದು ಮನೆಗೆ ಹೋದರು.

ಈ ಹದಿನೇಳೂ ತನ್ನ ಮಗಳು ಗುಬ್ಬಿಗೆ ಬೇಕೇ ಬೇಕೆಂದು ಒಬ್ಬ ತಾಯಿ ನಿಶ್ಚಯಿಸಿದಳು. ತೊಂದರೆಯೆಂದರೆ ಗುಬ್ಬಿಗೆ ಬಿಡುವಿರಲಿಲ್ಲ. ನಾಲ್ಕನೇ ತರಗತಿ ಮುಗಿದು ರಜೆ ಸಿಕ್ಕಿದ ಮರುದಿನದಿಂದಲೇ ಅವಳು ಬೆಳಿಗ್ಗೆ ವೇಗಗಣಿತ, ಆಮೇಲೆ ದುಂಡಕ್ಷರ, ಮಧ್ಯಾಹ್ನ ಜ್ಞಾಪಕಶಕ್ತಿ ಎಂದು ತರಗತಿಯಿಂದ ತರಗತಿಗೆ ಓಡುತ್ತಿದ್ದಳು. ಜ್ಞಾಪಕಶಕ್ತಿಯ ತರಗತಿಗೆ ಹೋಗುವುದನ್ನು ಅವಳು ಆಗಾಗ ಮರೆಯುತ್ತಿದ್ದುದರಿಂದ ಅದಕ್ಕೊಂದು ಹೆಚ್ಚುವರಿ ತರಗತಿಯನ್ನೂ ಹಾಕಲಾಗಿತ್ತು.

"ಇಬ್ಬರು ಮಕ್ಕಳಿದ್ದಿದ್ರೆ ಒಬ್ಬಳನ್ನ ಅಲ್ಲಿಗೆ, ಒಬ್ಬಳನ್ನ ಇಲ್ಲಿಗೆ ಕಳಿಸಬಹುದಿತ್ತು," ಎಂದು ಊಟದ ಹೊತ್ತಿಗೆ ತಾಯಿ ಕೊರಗಿದಳು.

"ಅದನ್ನ ಈಗ ಹೇಳಿದ್ರೆ ಹೇಗೆ?" ಎಂದ ಗಂಡ, ತಟ್ಟೆಯಿಂದ ತಲೆಯೆತ್ತದೆ.

ಮೇಜಿನ ತುದಿಯಲ್ಲಿ ಕೂತಿದ್ದ ಗುಬ್ಬಿಯ ತಾತನ ಕಣ್ಣು ಮಾತ್ರ ಶಿಬಿರದ ಕರಪತ್ರದ ಮೇಲಿತ್ತು. ಅದರಲ್ಲೊಂದು ಹಳದಿ ಡೇರೆಯ ಚಿತ್ರ. 'ಕೊನೆಯ ದಿನ ಡೇರೆವಾಸ' ಎಂದು ಕೆಳಗೆ ಬರೆದಿತ್ತು. ಚಿಕ್ಕಂದಿನಲ್ಲಿ ತಾತ ಎರಡು ಕುರ್ಚಿಗಳ ನಡುವೆ ಹೊದಿಕೆ ಕಟ್ಟಿ ಒಳಗೆ ನುಸುಳಿದ್ದರು. ಅವರ ಅಪ್ಪ ಅದನ್ನು ಎಳೆದು, ಕೊಡವಿ, ಮಡಚಿಟ್ಟಿದ್ದರು. ಆಮೇಲೆ ಓದು, ನೌಕರಿ, ಮದುವೆ, ಬಡ್ತಿ, ನಿವೃತ್ತಿ ಎಲ್ಲವೂ ಸರಿಯಾಗಿ ನಡೆದವು. ಡೇರೆಯೊಂದು ಮಾತ್ರ ನಡೆದಿರಲಿಲ್ಲ.

"ಗುಬ್ಬಿ ಪರವಾಗಿ ನಾನು ಹೋಗಿ ಬರ್ತೀನಿ," ಎಂದರು ತಾತ.

"ಮಾವ, ಅದು ಮಕ್ಕಳ ಶಿಬಿರ."

"ನಾನೂ ಒಬ್ಬರ ಮಗನೇ ಅಲ್ವೇನಮ್ಮ?"

ತಾತ ಹೆಡ್‌ಕ್ಲರ್ಕ್ ಆಗಿದ್ದವರು. ಅವರ ಕಚೇರಿಯಲ್ಲಿ ಒಬ್ಬರ ಪರವಾಗಿ ಇನ್ನೊಬ್ಬರು ಹಾಜರಾಗುವುದು ತಲೆತಲಾಂತರದ ಪದ್ಧತಿ. ಒಮ್ಮೆ ಇಡೀ ಶಾಖೆಯ ಪರವಾಗಿ ಅವರೊಬ್ಬರೇ ಹಾಜರಿದ್ದರು. ಆ ತಿಂಗಳು ಶಾಖೆಗೆ ದಕ್ಷತೆಯ ಫಲಕ ಬಂದಿತ್ತು. ಹೀಗಾಗಿ ಮೊಮ್ಮಗಳ ಪರವಾಗಿ ಬಾಲ್ಯ ಕಳೆಯುವುದರಲ್ಲಿ ಅವರಿಗೆ ಅಡ್ಡಿಯೇನೂ ಕಾಣಲಿಲ್ಲ.

ಶಿಬಿರದ ಸಂಚಾಲಕಿ ಕೊರಳಿಗೆ ಸೀಟಿ ನೇತುಹಾಕಿಕೊಂಡ ಗಂಭೀರ ಹೆಂಗಸು. ತಾತನನ್ನು ಅಡಿಯಿಂದ ಮುಡಿಯವರೆಗೆ ನೋಡಿ, ನಿಯಮಾವಳಿ ತೆರೆದರು.

"ಬರಬಾರದು ಅಂತ ಎಲ್ಲೂ ಇಲ್ಲ. ಆದರೆ ಪ್ರಯೋಜನ ವರ್ಗಾವಣೆ ಶುಲ್ಕ ಅಂತ ಒಂದು ಕಟ್ಟಬೇಕಾಗತ್ತೆ."

"ಅದು ಯಾವಾಗಿಂದ ಇದೆ?"

"ಈಗ್ತಾನೇ. ನೀವು ಹಗಲೆಲ್ಲ ಗಳಿಸಿದ ಆತ್ಮವಿಶ್ವಾಸ ಸಂಜೆಯೊಳಗೆ ಮೊಮ್ಮಗಳಿಗೆ ಸೇರತ್ತೆ."

"ಪೂರ್ತೀನಾ?"

"ಪೂರ್ತಿ. ನಿಮ್ಮ ಹತ್ರ ಏನೂ ಉಳಿಯಲ್ಲ."

"ಸಂಬಳದ ಹಾಗೇ," ಎಂದರು ತಾತ. "ಡೇರೆ ಗ್ಯಾರಂಟಿ ತಾನೇ?"

"ನಡತೆ ಚೆನ್ನಾಗಿದ್ದವರಿಗೆ."

ಮಕ್ಕಳ ಅಳತೆಯ ಹಳದಿ ಅಂಗಿಯನ್ನು ತಾತನಿಗೆ ಕೊಡಲಾಯಿತು. ಅದು ಹೊಕ್ಕುಳ ಮೇಲೆ ನಿಂತಿತು. ಹೊಟ್ಟೆಯನ್ನು ಸರಿಪಡಿಸಿಕೊಳ್ಳುವುದು ಶಿಬಿರಾರ್ಥಿಯ ಜವಾಬ್ದಾರಿಯೆಂದು ಸಂಚಾಲಕಿ ತಿಳಿಸಿದರು.

ಸುದ್ದಿ ಬೀದಿಯಿಂದ ಬೀದಿಗೆ ಹಬ್ಬಿತು. ಬಿಡುವಿಲ್ಲದ ಮಕ್ಕಳು ಊರಲ್ಲಿ ಬೇಕಾದಷ್ಟಿದ್ದರು, ಬಿಡುವಿದ್ದ ಅಜ್ಜ ಅಜ್ಜಿಯರೂ ಇದ್ದರು. ವಾರ ಕಳೆಯುವುದರೊಳಗೆ ಶಿಬಿರ ತುಂಬಿತು. ಒಂದು ದಿನ ನಿಜವಾದ ಮಗುವೇ ಬಂದುಬಿಟ್ಟಿತ್ತು. ಅದು ಓಡುವುದು, ಕೂಗುವುದು ಮಾಡಿದ್ದರಿಂದ ಮಕ್ಕಳ ಶಿಬಿರದ ವಾತಾವರಣ ಕೆಡುತ್ತದೆಂದು ಮನೆಗೆ ಕಳಿಸಿ, ಅದರ ಅಜ್ಜಿಯನ್ನು ಕರೆಸಿಕೊಳ್ಳಲಾಯಿತು.

ಪ್ರಯೋಜನಗಳು ಬೇಗನೆ ಕಾಣತೊಡಗಿದವು. ತಾತ ನೀಲಿ ಆನೆ ಬರೆದರು. ಆನೆ ನೀಲಿ ಇರುವುದಿಲ್ಲವೆಂದು ಪಕ್ಕದಲ್ಲಿದ್ದ ನಿವೃತ್ತ ಬ್ಯಾಂಕ್ ಮ್ಯಾನೇಜರು ಆಕ್ಷೇಪಿಸಿದಾಗ, ಅವರ ಕೈಲಿದ್ದ ನೀಲಿ ಬಳಪವನ್ನೂ ಕಸಿದುಕೊಂಡು ಇನ್ನೊಂದು ಆನೆ ಬರೆದರು. ಸಂಜೆ ಮನೆಯಲ್ಲಿ ಸೊಸೆ ಹಾಲು ತರಲು ಹೇಳಿದಾಗ "ನಾನು ಹೋಗಲ್ಲ" ಎಂದರು. ಜೀವಮಾನದಲ್ಲೇ ಅವರು ಯಾರಿಗೂ ಹಾಗೆ ಹೇಳಿರಲಿಲ್ಲ. ಇದು ಒಂಬತ್ತನೇ ಪ್ರಯೋಜನವಾದ 'ಸ್ವತಂತ್ರ ನಿರ್ಧಾರ' ಎಂದು ಕರಪತ್ರ ನೋಡಿ ಖಚಿತಪಡಿಸಿಕೊಂಡ ಸೊಸೆ, ತಾನೇ ಹೋಗಿ ಹಾಲು ತಂದಳು.

ಬಳಪದ ವಿಷಯ ಮಾತ್ರ ಅಷ್ಟಕ್ಕೇ ಮುಗಿಯಲಿಲ್ಲ. ಶಿಬಿರಾರ್ಥಿಯ ಪೋಷಕರು ಬಂದು ಕಾಣಬೇಕೆಂದು ಸೂಚನೆ ಹೋಯಿತು. ಅರ್ಜಿಗೆ ಸಹಿ ಹಾಕಿದ್ದವರು ತಾತನೇ ಆದ್ದರಿಂದ ದಾಖಲೆಯ ಪ್ರಕಾರ ಗುಬ್ಬಿಯ ಪೋಷಕರು ತಾತ. ಈಗ ತಾತ ಗುಬ್ಬಿಯ ಜಾಗದಲ್ಲಿ ಕೂತಿರುವುದರಿಂದ ತಾತನ ಜಾಗ ಗುಬ್ಬಿಗೆ ಬಂದಿತ್ತು. ಅವಳು ವೇಗಗಣಿತ ಬಿಟ್ಟು ಬಂದು ಸಂಚಾಲಕಿಯ ಎದುರು ಕುರ್ಚಿಯಲ್ಲಿ ಕೂತಳು. ಕಾಲು ನೆಲಕ್ಕೆ ಎಟುಕಲಿಲ್ಲ.

"ನಿಮ್ಮ ತಾತ ಬುದ್ಧಿವಂತರು. ಆದರೆ ಗಮನ ಕೊಡಲ್ಲ," ಎಂದರು ಸಂಚಾಲಕಿ. "ಮನೇಲೂ ಹೀಗೇನಾ?"

"ಮನೇಲಿ ಪಾಪ, ಸುಮ್ನೆ ಇರ್ತಾರೆ," ಎಂದಳು ಗುಬ್ಬಿ. "ಇಲ್ಲಿ ಯಾರ್ದೋ ಸಹವಾಸ ದೋಷ ಇರ್ಬೇಕು."

ಬಾಗಿಲ ಬಳಿ ತಲೆ ತಗ್ಗಿಸಿ ನಿಂತಿದ್ದ ತಾತ "ಆ ಮ್ಯಾನೇಜರ್ದೇ ತಪ್ಪು" ಎಂದು ಗೊಣಗಿದರು.

"ಹೀಗೇ ಆದ್ರೆ ಡೇರೆಗೆ ಕಳಿಸಕ್ಕಾಗಲ್ಲ," ಎಂದರು ಸಂಚಾಲಕಿ. ತಾತನ ಮುಖ ಬಾಡಿತು. "ಪೋಷಕರು ಮುಚ್ಚಳಿಕೆ ಬರೆದುಕೊಟ್ಟು, ಶಿಬಿರ ನಡೆಯೋವಷ್ಟು ಹೊತ್ತೂ ಬೇಲಿ ಹೊರಗೆ ಕಾವಲಿದ್ರೆ ಮಾತ್ರ ನೋಡ್ಬಹುದು."

"ದಿನಾನಾ?" ಎಂದಳು ಗುಬ್ಬಿ.

"ದಿನಾ."

"ಬೆಳಿಗ್ಗೆಯಿಂದ ಸಂಜೆವರೆಗೂ?"

"ಏನ್ ಮಾಡೋದು, ಪೋಷಕರು ಅಂದ್ಮೇಲೆ ತ್ಯಾಗ ಇದ್ದದ್ದೇ."

ಬೇಲಿಯ ಹೊರಗೆ ಒಂದು ಮಣ್ಣಿನ ದಿಬ್ಬ, ಒಂದು ದೊಡ್ಡ ಮರ, ಯಾರೋ ಬಿಟ್ಟುಹೋದ ಟೈರು ಇದ್ದವು. ಗುಬ್ಬಿ ಕಿಟಕಿಯಿಂದ ಅವನ್ನು ನೋಡಿದಳು. ಆಮೇಲೆ ದುಂಡಕ್ಷರದಲ್ಲಿ ಮುಚ್ಚಳಿಕೆ ಬರೆದುಕೊಟ್ಟಳು. ಹೊರಗೆ ಬಂದವಳೇ ತಾತನ ಕೈ ಜಗ್ಗಿದಳು.

"ತಾತ, ನಾಳೆನೂ ಬಳಪ ಕಸ್ಕೋ."

"ಡೇರೆ ತಪ್ಪಿಹೋದ್ರೆ?"

"ಮುಚ್ಚಳಿಕೆ ಕೊಟ್ಟಿದೀನಲ್ಲ! ನೀನು ಒಳ್ಳೆಯವನಾಗಿಬಿಟ್ರೆ ನನ್ನ ವಾಪಸ್ ಗಣಿತಕ್ಕೆ ಕಳಿಸ್ತಾರೆ. ಸ್ವಲ್ಪ ಸ್ವಲ್ಪ ಕೆಟ್ಟವನಾಗಿರು, ಸಾಕು."

ಈ ಸಲಹೆ ಬೇಲಿಯಷ್ಟೇ ಬೇಗ ಬೀದಿಯನ್ನೂ ದಾಟಿತು. ಮರುದಿನದಿಂದ ಶಿಬಿರದ ನಡತೆ ಒಮ್ಮೆಗೇ ಹದಗೆಟ್ಟಿತು. ಒಬ್ಬ ಅಜ್ಜಿ ಗೋಂದನ್ನು ಇನ್ನೊಬ್ಬರ ಕೋಲಿಗೆ ಹಚ್ಚಿದರು. ಮ್ಯಾನೇಜರು ಸಂಚಾಲಕಿಯ ಸೀಟಿ ಬಚ್ಚಿಟ್ಟರು. ಪೋಷಕರನ್ನೆಲ್ಲ ಕರೆಸಲಾಯಿತು. ಊರಿನ ಮಕ್ಕಳೆಲ್ಲ ಗಂಭೀರ ಮುಖ ಹೊತ್ತು ಬಂದು, ತಮ್ಮ ತಮ್ಮ ಹಿರಿಯರ ಕಿವಿ ಹಿಂಡುವುದಾಗಿ ಮಾತು ಕೊಟ್ಟು, ಬೇಲಿಯ ಹೊರಗೆ ಕಾವಲು ಕೂತರು. ಕೂತರು ಎಂಬುದು ಕಡತದ ಮಾತು. ಮೊದಲ ದಿನವೇ ಟೈರಿಗೆ ಹಗ್ಗ ಬಿತ್ತು, ದಿಬ್ಬ ಸವೆಯಿತು, ಮರದ ಮೇಲೆ ಅಷ್ಟೂ ಪೋಷಕರಿದ್ದರು.

ಇತ್ತ ತರಗತಿಗಳು ಖಾಲಿಯಾದವು. ಕಟ್ಟಿದ ಶುಲ್ಕ ವಾಪಸಾಗದೆಂದು ತಿಳಿದ ಗುಬ್ಬಿಯ ತಾಯಿ ಕಚೇರಿಗೆ ರಜೆ ಹಾಕಿ ತಾನೇ ವೇಗಗಣಿತಕ್ಕೆ ಹೋಗಿ ಕೂತಳು. ತಂದೆ ಜ್ಞಾಪಕಶಕ್ತಿಗೆ ಹೋದ. ಉಳಿದ ಮನೆಗಳಲ್ಲೂ ಹಾಗೆಯೇ ಆಯಿತು. ಪ್ರಯೋಜನ ವರ್ಗಾವಣೆ ಶುಲ್ಕವನ್ನು ಆ ತರಗತಿಗಳೂ ಜಾರಿಗೆ ತಂದವು.

ಕೊನೆಯ ದಿನ ಬಂತು. ಡೇರೆಗಳೆದ್ದವು. ಗುಬ್ಬಿ ತಾತನ ಚೀಲಕ್ಕೆ ಮಾತ್ರೆ, ಟಾರ್ಚು ಹಾಕಿ "ಹಲ್ಲುಜ್ಜು, ಯಾರ ಹತ್ರಾನೂ ಜಗಳ ಆಡ್ಬೇಡ, ಭಯ ಆದ್ರೆ ಕೂಗು" ಎಂದು ಹೇಳಿ ಕಳಿಸಿದಳು. ತಾತ ಮೊಣಕಾಲೂರಿ ಹಳದಿ ಡೇರೆಯೊಳಗೆ ನುಸುಳಿದರು. ಬೆಳಕು ಬಟ್ಟೆಯಿಂದ ಸೋಸಿ ಬಂದು ಅವರ ಕೈ, ಕಾಲು, ಕನ್ನಡಕ ಎಲ್ಲವೂ ಹಳದಿಯಾದವು. ಎಳೆದು, ಕೊಡವಿ, ಮಡಚಿಡಲು ಯಾರೂ ಬರಲಿಲ್ಲ.

ಮರುದಿನ ಬೆಳಿಗ್ಗೆ ಡೇರೆ ಬಿಚ್ಚಲು ಆಳುಗಳು ಬಂದರೆ ತಾತ ಹೊರಗೆ ಬರಲಿಲ್ಲ.

"ಶಿಬಿರ ಮುಗೀತು ತಾತ, ಬನ್ನಿ," ಎಂದು ಸಂಚಾಲಕಿ ಸೀಟಿ ಊದಿದರು.

"ಹೇಗೆ ಮುಗಿಯತ್ತೆ?" ಎಂದು ಒಳಗಿನಿಂದ ಧ್ವನಿ ಬಂತು. "ಶಿಬಿರಕ್ಕೆ ಬಂದವರು ಪ್ರಯೋಜನ ಪಡೆಯದೆ ಹೊರಗೆ ಹೋಗುವಂತಿಲ್ಲ ಅಂತ ನಿಮ್ಮ ನಿಯಮದಲ್ಲೇ ಇದೆ. ನಾವು ಪಡೆದದ್ದನ್ನೆಲ್ಲ ನೀವು ಸಂಜೆ ಸಂಜೆಗೇ ಮಕ್ಕಳಿಗೆ ವರ್ಗಾಯಿಸಿದಿರಿ. ನಮ್ಮ ಹತ್ರ ಏನಿದೆ ಈಗ?"

ಪಕ್ಕದ ಡೇರೆಯಿಂದ ಮ್ಯಾನೇಜರು "ಸೊನ್ನೆ" ಎಂದರು. ನೀಲಿ ಬಳಪದ ನಂತರ ಇಬ್ಬರೂ ಒಪ್ಪಿದ ಮೊದಲ ಮಾತು ಅದು.

ಬೇಲಿಯ ಹೊರಗಿದ್ದ ಪೋಷಕರು ಮರದ ಮೇಲಿಂದಲೇ ಚಪ್ಪಾಳೆ ತಟ್ಟಿದರು.

ಮಂಡಳಿಯು ತುರ್ತುಸಭೆ ಸೇರಿತು. ಶಿಬಿರಾರ್ಥಿಗಳನ್ನು ಪ್ರಯೋಜನ ಕೊಡದೆ ಕಳಿಸಿದರೆ ನಿಯಮಭಂಗ, ಪ್ರಯೋಜನವನ್ನು ಅವರ ಬಳಿಯೇ ಉಳಿಸಿದರೆ ವರ್ಗಾವಣೆ ಶುಲ್ಕ ಹಿಂದಿರುಗಿಸಬೇಕು. ಎರಡನೆಯದನ್ನು ಯಾವ ಸದಸ್ಯರೂ ಎರಡು ಸಲ ಉಚ್ಚರಿಸಲಿಲ್ಲ. ಕೊನೆಗೆ ಪ್ರಕಟಣೆ ಹೊರಬಿತ್ತು:

'ಶಿಬಿರಾರ್ಥಿಗಳಿಗೆ ಸ್ವಂತ ಪ್ರಯೋಜನ ಉಂಟಾಗುವವರೆಗೆ ಶಿಬಿರವನ್ನು ಮುಂದುವರಿಸತಕ್ಕದ್ದು. ದಿನದ ಪ್ರಯೋಜನವನ್ನು ಎಂದಿನಂತೆ ಸಂಜೆ ವರ್ಗಾಯಿಸತಕ್ಕದ್ದು. ಅಲ್ಲಿಯವರೆಗೆ ಬೇಸಿಗೆ ಮುಗಿದಿದೆ ಎಂದು ಯಾರೂ ಭಾವಿಸತಕ್ಕದ್ದಲ್ಲ.'

ಯಾರೂ ಭಾವಿಸಲಿಲ್ಲ. ಮಳೆ ಬಂದಾಗ ಶಿಬಿರಾರ್ಥಿಗಳು ಕೊಡೆ ಹಿಡಿದು ಪ್ರಕೃತಿಯನ್ನು ಪ್ರೀತಿಸಿದರು. ಶಾಲೆಗಳು ತೆರೆದವು. ಪೋಷಕರ ಹೊಣೆ ಹೊತ್ತಿದ್ದ ಮಕ್ಕಳು ಬೇಲಿ ಬಿಟ್ಟು ಬರುವಂತಿರಲಿಲ್ಲವಾದ್ದರಿಂದ ಅಪ್ಪ ಅಮ್ಮಂದಿರೇ ಐದನೇ ತರಗತಿಗೆ ಹೋದರು. ಮೇಷ್ಟರಿಗೆ ಇದರಿಂದ ಅನುಕೂಲವೇ ಆಯಿತು. ಬೆಂಚಿನ ಮೇಲೆ ನಿಲ್ಲಿಸಿದರೆ ಅಳುವವರು ಈಗಲೂ ಇದ್ದರು, ದೂರು ಹೇಳಲು ಬರುವವರು ಇರಲಿಲ್ಲ.

ಒಂದು ಸಂಜೆ ಶಾಲೆ ಬಿಟ್ಟ ಮೇಲೆ ಗುಬ್ಬಿಯ ತಾಯಿ ಬೆನ್ನಿಗೆ ಚೀಲ ಹಾಕಿಕೊಂಡು ಬೇಲಿಯ ಬಳಿ ಬಂದಳು. ಒಳಗೆ ಹಳದಿ ಡೇರೆಯಿಂದ ಮಾವನ ನಗು ಕೇಳುತ್ತಿತ್ತು. ಮಂಡಿಗೆ ಮಣ್ಣು ಮೆತ್ತಿಕೊಂಡ ಮಗಳು ಮರದಿಂದ ಇಳಿದು ಬಂದಳು.

"ಮಗ್ಗಿ ಬರ್ದಾಯ್ತಾ?"

"ಇನ್ನೂ ಸ್ವಲ್ಪ ಇದೆ," ಎಂದಳು ತಾಯಿ. ಆಮೇಲೆ ಮೆಲ್ಲಗೆ, "ಗುಬ್ಬಿ, ಒಂದೇ ಒಂದು ದಿನ ನಾನೂ ಡೇರೆಗೆ ಹೋಗ್ಲಾ?" ಎಂದು ಕೇಳಿದಳು.

ಗುಬ್ಬಿ ತಾಯಿಯ ಚೀಲದ ಪಟ್ಟಿಯನ್ನು ಸರಿಮಾಡಿದಳು.

"ಮಕ್ಕಳ ಶಿಬಿರಕ್ಕೆ ನಿನಗಿನ್ನೂ ವಯಸ್ಸಾಗಿಲ್ಲಮ್ಮ."

ಮಾತು ನ್ಯಾಯವಾದದ್ದೇ ಎಂದು ತಾಯಿಗೂ ಅನ್ನಿಸಿತು. ಅವಳು ಬೇಲಿಯ ಪಕ್ಕದ ಕಲ್ಲಿನ ಮೇಲೆ ಕೂತು, ಹದಿಮೂರರ ಮಗ್ಗಿಯನ್ನು ಮೊದಲಿನಿಂದ ಬರೆಯತೊಡಗಿದಳು.