ಸೊಂಟದೆತ್ತರದ ಗೋಡೆ ಕಾಯುತ್ತಿರುವ ಮಧ್ಯಂತರ ಆದೇಶಕ್ಕೆ

ಮಾನ್ಯ ಮಧ್ಯಂತರ ಆದೇಶದವರ ಸನ್ನಿಧಾನಕ್ಕೆ,

ಕನ್ನಡಕ ತಯಾರಿಸಿ ಹೊಟ್ಟೆ ಹೊರೆಯುವ ಪ್ರತಿವಾದಿಯು ಬಗ್ಗಿ ಮಾಡುವ ವಂದನೆಗಳು. ಮೂರು ವಾರದ ಮಟ್ಟಿಗೆಂದು ತಾವು ನಮ್ಮಲ್ಲಿಗೆ ದಯಮಾಡಿಸಿ ಇಂದಿಗೆ ಒಂಬತ್ತು ವರ್ಷ ತುಂಬಿತು. ಇಷ್ಟು ದಿನ ತಂಗಿದ ನೆಂಟರು ನಮ್ಮ ವಂಶದಲ್ಲೇ ಇಲ್ಲವಾದ್ದರಿಂದ ತಮ್ಮನ್ನು ಅಭಿನಂದಿಸದೆ ಇರುವುದು ಸಭ್ಯತೆಯಲ್ಲ.

ನಮ್ಮಪ್ಪ ಬಿಟ್ಟುಹೋದ ಕೆಲಸದ ಕೋಣೆಗೆ ಇರುವುದು ಒಂದೇ ಕಿಟಕಿ. ಗಾಜು ಉಜ್ಜುವ ನನಗೂ ಬೆಳಕು ಬೇಕು, ಪುಸ್ತಕಕ್ಕೆ ರಟ್ಟು ಕಟ್ಟುವ ಅಣ್ಣನಿಗೂ ಬೇಕು. ಮಾತಿಗೆ ಮಾತು ಬೆಳೆದು, ರೋಷದಲ್ಲಿ ನಾನು ಗಾರೆಯವನನ್ನು ಕರೆಸಿ, ಕಿಟಕಿ ನನ್ನ ಪಾಲಿಗೆ ಬರುವಂತೆ ನಡುಗೋಡೆ ಎಬ್ಬಿಸತೊಡಗಿದೆ. ಅಣ್ಣ ದಾವೆ ಹೂಡಿ ತಮ್ಮನ್ನು ಕರೆತಂದ. ಮುಂದಿನ ವಿಚಾರಣೆಯವರೆಗೆ ಯಥಾಸ್ಥಿತಿ ಕಾಪಾಡತಕ್ಕದ್ದೆಂದು ತಾವು ಅಪ್ಪಣೆ ಕೊಡಿಸಿದಾಗ ಗೋಡೆ ನನ್ನ ಸೊಂಟದವರೆಗೆ ಬಂದಿತ್ತು, ಅಲ್ಲಿಗೇ ನಿಂತಿತು.

ಆಮೇಲೆ ಕಿಟಕಿ ಯಾರದೆಂದು ಯಾರೂ ಕೇಳಲಿಲ್ಲ. ತಮ್ಮನ್ನು ತೆರವು ಮಾಡಿಸಲು ನನ್ನದೊಂದು ಅರ್ಜಿ, ಮುಂದುವರಿಸಲು ಅಣ್ಣನದೊಂದು ಅರ್ಜಿ, ಅದಕ್ಕೆ ಆಕ್ಷೇಪಣೆ, ಅದರ ಮೇಲೊಂದು ಮೇಲ್ಮನವಿ, ಹೀಗೆ ಎಲ್ಲರ ಆಯುಷ್ಯವೂ ತಮ್ಮ ಸೇವೆಗೇ ಮೀಸಲಾಗಿ, ಅಸಲು ದಾವೆಯು ತನ್ನದೇ ಮದುವೆಗೆ ಕರೆಯೋಲೆ ಸಿಗದ ಮದುಮಗನಂತೆ ಮೂಲೆಯಲ್ಲಿ ಕೂತಿತು. ಸೂರು ಸೋರಿದಾಗ ರಿಪೇರಿ ಮಾಡಿಸಲೇ ಎಂದು ನನ್ನ ವಕೀಲರನ್ನು ಕೇಳಿದೆ. "ಯಥಾಸ್ಥಿತಿ ಅಂದ್ಮೇಲೆ ಸೋರೋದು ಸೋರ್ತಾನೇ ಇರ್ಬೇಕಲ್ರೀ" ಎಂದರು. ಕೊಡೆ ಹಿಡಿದು ಗಾಜು ಉಜ್ಜುವ ವಿದ್ಯೆ ನನಗೆ ತಮ್ಮ ಕೃಪೆಯಿಂದಲೇ ಒಲಿಯಿತು.

ಅಣ್ಣನೂ ನಾನೂ ಮಾತು ಬಿಟ್ಟೆವು. ಆದರೆ ಸೊಂಟದೆತ್ತರದ ಗೋಡೆಯಾಚೆ ಮುಖ ಕಾಣುತ್ತದಲ್ಲ, ಅದಕ್ಕೇನು ಮಾಡುವುದು? ಅವನ ಕೂದಲು ನರೆತದ್ದನ್ನೂ, ಸೂಜಿಗೆ ದಾರ ಪೋಣಿಸಲು ಅವನು ತಡಕಾಡುವುದನ್ನೂ ತಾವು ನನಗೆ ದಿನವೂ ತೋರಿಸಿದಿರಿ. ಕನ್ನಡಕದ ನಂಬರು ಬದಲಾಗಿದೆ ಎಂದು ಹೇಳಲು ಮಾತ್ರ ನನಗೆ ಬಾಯಿ ಬರಲಿಲ್ಲ.

ಹೋದ ತಿಂಗಳು ಒಂದು ಮಧ್ಯಾಹ್ನ ಅಣ್ಣ ರಟ್ಟು ಕತ್ತರಿಸುತ್ತಿದ್ದವನು ಹಾಗೆಯೇ ಕುಸಿದ. ಗೋಡೆ ಸೂರು ಮುಟ್ಟಿದ್ದರೆ ನನಗೆ ಗೊತ್ತೇ ಆಗುತ್ತಿರಲಿಲ್ಲ. ಹಾರಿದೆ, ಹೊತ್ತುಕೊಂಡೆ, ಬೀದಿಗೆ ಓಡಿದೆ. ಇನ್ನು ಅರ್ಧ ಗಂಟೆ ತಡವಾಗಿದ್ದರೆ ಹೃದಯ ನಿಂತೇಹೋಗುತ್ತಿತ್ತು ಎಂದರು ಡಾಕ್ಟರು. ಕಣ್ಣು ಬಿಟ್ಟ ಅಣ್ಣನ ಮೊದಲ ಮಾತು: "ಗೋಡೆ ಹಾರಿ ಬಂದ್ಯೇನೋ? ಆರ್ಡರ್ ಇತ್ತಲ್ಲೋ!"

"ನೀನೇ ತಂದಿದ್ದಲ್ವಾ, ನೀನೇ ನೋಡ್ಕೋ" ಎಂದೆ. ಇಬ್ಬರೂ ನಕ್ಕೆವು, ಅತ್ತಿಗೆ ಅತ್ತರು.

ಮನೆಗೆ ಬಂದ ಮೇಲೆ ಕಿಟಕಿಯ ಮುಂದೆ ಅಳೆದು ನೋಡಿದೆವು. ಎರಡು ಮೇಜು ಪಕ್ಕಪಕ್ಕದಲ್ಲಿ ಆರಾಮಾಗಿ ಹಿಡಿಸುತ್ತವೆ. ಇಷ್ಟು ವರ್ಷದಲ್ಲಿ ನಾವಾಗಲಿ, ವಕೀಲರಾಗಲಿ ಒಂದು ಟೇಪು ಹಿಡಿದಿರಲಿಲ್ಲ. ಮರುದಿನವೇ ರಾಜಿ ಅರ್ಜಿಗೆ ಇಬ್ಬರೂ ಸಹಿ ಹಾಕಿದೆವು.

ಆದಕಾರಣ ತಮ್ಮಲ್ಲಿ ಬಿನ್ನಹ: ನಮ್ಮ ಇಟ್ಟಿಗೆಗಳನ್ನು ಇನ್ನು ಬಿಟ್ಟುಕೊಟ್ಟು, ಅಣ್ಣನ ಎದೆಬಡಿತಕ್ಕೆ ಒಂದು ಯಥಾಸ್ಥಿತಿಯನ್ನು ದಯಪಾಲಿಸಬೇಕು. ಡಾಕ್ಟರು ಬರೆದುಕೊಟ್ಟ ಮಾತ್ರೆಗಳಿಗೆ ತಮ್ಮಷ್ಟು ಬಾಳಿಕೆ ಇದ್ದಂತೆ ತೋರುವುದಿಲ್ಲ.

ತಮ್ಮ ವಿಶ್ವಾಸಿ, ಮತ್ತು ತಮ್ಮನ್ನು ಒಮ್ಮೆ ಹಾರಿದ ಅಪರಾಧಿ,
ಪ್ರತಿವಾದಿ

ವಿ.ಸೂ.: ರಾಜಿ ಅರ್ಜಿಯ ವಿಚಾರಣೆ ಮುಂದಕ್ಕೆ ಹೋಗಿದೆ. ಅಲ್ಲಿಯವರೆಗೆ ಯಥಾಸ್ಥಿತಿ ಕಾಪಾಡಬೇಕಾದ್ದರಿಂದ ಅಣ್ಣನೂ ನಾನೂ ಜಗಳವಾಡಿಕೊಂಡೇ ಇರತಕ್ಕದ್ದೆಂದು ಎರಡೂ ಕಡೆಯ ವಕೀಲರು ಮೊಟ್ಟಮೊದಲ ಬಾರಿಗೆ ಒಮ್ಮತದಿಂದ ತಿಳಿಸಿದ್ದಾರೆ. ಪ್ರಾಮಾಣಿಕವಾಗಿ ಪ್ರಯತ್ನಿಸಿದೆವು. ಅತ್ತಿಗೆ ಇಬ್ಬರಿಗೂ ಬೈದು ಊಟಕ್ಕೆ ಕೂರಿಸಿದರು. ಉಲ್ಲಂಘನೆಯ ನೋಟಿಸನ್ನು ಅವರ ಹೆಸರಿಗೇ ಕಳಿಸುವುದು. ತಂದುಕೊಡುವವರು ಮಾತ್ರ ಸ್ವಲ್ಪ ಧೈರ್ಯಸ್ಥರಾಗಿರಲಿ.