ಸೊಂಟನೋವಿಗೊಂದು ನಂಬರು

ಬೇರೆಯವರ ಮನೆಯಲ್ಲಿ ಗಂಡಸಿಗೆ ಸೊಂಟ ನೋಯುತ್ತದೆ, ಹೆಂಡತಿ ಬಿಸಿನೀರು ಕಾಯಿಸುತ್ತಾಳೆ, ಕಥೆ ಅಲ್ಲಿಗೆ ಮುಗಿಯುತ್ತದೆ. ಚಳ್ಳಕೆರೆಯ ಎಣ್ಣೆ ಗಿರಣಿಯೊಂದರಲ್ಲಿ ಲೆಕ್ಕ ಬರೆಯುವ ರೈಟರ್ ಆಗಿರುವ ಅಜ್ಜಪ್ಪನಿಗೆ (ವಯಸ್ಸು ಮೂವತ್ತೈದು, ಹೆಸರಿಗೆ ಅವನು ಹೊಣೆಯಲ್ಲ) ಆ ಭಾಗ್ಯವಿರಲಿಲ್ಲ. ಅವನ ಮನೆಯಲ್ಲಿ ನೋವು ಸುಮ್ಮನೆ ನೋಯುವಂತಿರಲಿಲ್ಲ. ಅದಕ್ಕೆ ನಂಬರು ಬೇಕಿತ್ತು.

ಕಾರಣ, ಹೆಂಡತಿ ದಾಕ್ಷಾಯಿಣಿ. ನಡುಮನೆಯ ಮೂಲೆಯಲ್ಲಿ ಕಂಪ್ಯೂಟರ್ ಇಟ್ಟುಕೊಂಡು ಮೆಡಿಕಲ್ ಕೋಡಿಂಗ್ ಮಾಡುತ್ತಾಳೆ. ಅಮೆರಿಕದ ಡಾಕ್ಟರುಗಳು ರೋಗಿಗಳ ಬಗ್ಗೆ ಬರೆದದ್ದನ್ನು ಓದಿ, ಒಂದೊಂದು ರೋಗಕ್ಕೂ ಅದರದರ ನಂಬರು ಹಾಕುವ ಕೆಲಸ. ಹೀಗೆ ಕಾಣದ ಊರಿನ ಸಾವಿರಾರು ಸೊಂಟಗಳ ಕಷ್ಟ ತಿಳಿದವಳ ಮುಂದೆ, ಒಂದು ಶನಿವಾರ ಸಂಜೆ, ಅಜ್ಜಪ್ಪ ತನ್ನ ಸೊಂಟ ಹಿಡಿದುಕೊಂಡ.

ಹಿಡಿದುಕೊಳ್ಳಲು ಬಲವಾದ ಕಾರಣವಿತ್ತು. ಐದು ನಿಮಿಷದ ಹಿಂದೆ ಮೊಳಕಾಲ್ಮೂರಿನಿಂದ ಅವಳ ತಮ್ಮ ಚಿರಂಜೀವಿಯ ಫೋನ್ ಬಂದಿತ್ತು. ರೇಷ್ಮೆ ಸೀರೆ ನೇಯುವ ಮಗ್ಗವನ್ನು ಮರುದಿನ ಹೊಸ ಮನೆಗೆ ಸಾಗಿಸಬೇಕು. ನಾಲ್ಕು ಗಂಡಾಳು ಬೇಕು, ಮೂವರು ಸಿಕ್ಕಿದ್ದಾರೆ, ನಾಲ್ಕನೆಯವರು ಭಾವ. ಅದೇ ಭಾನುವಾರ ಟಿವಿಯಲ್ಲಿ ಕ್ರಿಕೆಟ್ ಫೈನಲ್ಲು. ಮದುವೆಯಾದ ಎಂಟು ವರ್ಷಗಳಲ್ಲಿ ಗಂಡ ತನ್ನ ತವರಿನಲ್ಲಿ ಎತ್ತಿದ್ದು ಊಟದ ತಟ್ಟೆಯೊಂದನ್ನೇ ಎಂಬುದು ದಾಕ್ಷಾಯಿಣಿಗೆ ನಿಜಕ್ಕೂ ನಾಚಿಕೆಯ ಸಂಗತಿ. ಈ ಸಲವಾದರೂ ಅವನು ಮಗ್ಗದ ಒಂದು ಮೂಲೆ ಹಿಡಿದು ನಾಲ್ಕು ಜನರ ಕಣ್ಣಿಗೆ ಬೀಳಬೇಕೆಂದು ಅವಳ ಆಸೆ.

“ಅಯ್ಯಯ್ಯಪ್ಪಾ! ಚಪ್ಪಲಿ ತಗಣಾಕೆ ಬಗ್ಗಿದೆ, ಸೊಂಟ ಹಿಡ್ಕಂಬಿಡ್ತು ಕಣೇ!”

ದಾಕ್ಷಾಯಿಣಿ ಗಾಬರಿಯಾಗಲಿಲ್ಲ. ಪೆನ್ನು ತೆಗೆದುಕೊಂಡಳು.

“ಎಡಗಡೆನೋ, ಬಲಗಡೆನೋ?”

“ಎಡ... ಎರಡೂ ಕಡೆ.”

“ಕಾಲಿಗೆ ಇಳೀತೈತಾ?”

ಇಳಿದರೆ ಅನುಕೂಲವೋ ಇಳಿಯದಿದ್ದರೆ ಅನುಕೂಲವೋ ಅಜ್ಜಪ್ಪನಿಗೆ ತಿಳಿಯಲಿಲ್ಲ. “ಮೊಣಕಾಲ ತನಕ ಬಂದು ನಿಂತೈತೆ” ಎಂದು ನಡುದಾರಿ ಹಿಡಿದ.

“ಯಾವ ಮೊಣಕಾಲು?”

“ಅಲ್ಲಾ, ಸೊಂಟನೋವು ಅಂತ ಬರ್ಕಂಡ್ರೆ ಸಾಲ್ದೇನೇ?”

“ಸಾಲಲ್ಲ ರೀ. ಮೊದ್ಲು ಎಂ 54.5 ಅಂತ ಹಾಕಿದ್ರೆ ನಡೀತಿತ್ತು. ಇಪ್ಪತ್ತೊಂದನೇ ಇಸವಿಯಿಂದ ಅದರ ಮುಂದೆ ಇನ್ನೊಂದು ಅಂಕಿ ಬೇಕು. ಎಂಥಾ ಸೊಂಟನೋವು ಅಂತ ಹೇಳ್ಬೇಕು.”

“ಜೋರಾದ ಸೊಂಟನೋವು ಅಂತ ಹಾಕು.”

ಅವಳು ಗಂಡನನ್ನು ಅಡಿಯಿಂದ ಮುಡಿಯವರೆಗೆ ಒಮ್ಮೆ ನೋಡಿದಳು. ಆಮೇಲೆ ಚೀಟಿಯ ಮೇಲೆ ‘ಜಡ್ 76.5’ ಎಂದು ದಪ್ಪಗೆ ಬರೆದು ಫ್ರಿಜ್ಜಿಗೆ ಅಂಟಿಸಿದಳು. ಎಂ ಹೋಗಿ ಜಡ್ ಬಂದದ್ದನ್ನು ಕಂಡ ಅಜ್ಜಪ್ಪ, ರೋಗಕ್ಕೆ ಬಡ್ತಿ ಸಿಕ್ಕಿತೆಂದುಕೊಂಡ. ತಕ್ಷಣ ಚೀಟಿಯ ಫೋಟೋ ತೆಗೆದು ಮೊಳಕಾಲ್ಮೂರಿಗೆ ಕಳಿಸಿದ: “ನೋಡಪ್ಪಾ ಚಿರಂಜೀವಿ, ಅಮೆರಿಕದ ನಂಬರೇ ಬಿದ್ದೈತೆ. ಬರಾಕಾಗಲ್ಲ.”

ಅಷ್ಟಕ್ಕೇ ಮುಗಿದಿದ್ದರೆ ಚೆನ್ನಾಗಿತ್ತು. ಹಿತ್ತಲಿಂದ ತಾಯಿ ಯರ್ರಮ್ಮ ಬಂದರು.

“ನಂಬರಿಂದ ನೋವು ಹೋಗ್ತೈತೇನೋ? ಕಾಲು ಮುಂದಾಗಿ ಹುಟ್ಟಿದೋರು ಬರೀ ಹೊಟ್ಟೇಲಿ ಮೂರು ಸಲ ಸೊಂಟಕ್ಕೆ ಒದ್ರೆ ಬಿಟ್ಟೋಗ್ತೈತೆ. ಹುಡುಕಾಕೆ ಊರೂರು ಸುತ್ತಬೇಕಾ? ನಮ್ಮ ದಾಕ್ಷಾಯಿಣೀನೇ ಕಾಲು ಮುಂದಾಗಿ ಹುಟ್ಟಿದೋಳು.”

“ಬ್ಯಾಡ ಅತ್ತೆ. ಗಂಡನ್ನ ಒದ್ಲು ಅಂತಾರೆ ಜನ.”

“ಔಷಧಕ್ಕೆ ಗಂಡ ಗಿಂಡ ಅಂತ ಇಲ್ಲಮ್ಮ.”

ಎರಡನೇ ಸಲ ಬೇಡವೆನ್ನಲು ದಾಕ್ಷಾಯಿಣಿ ಹೋಗಲಿಲ್ಲ. ಅಜ್ಜಪ್ಪನದು ಇಕ್ಕಟ್ಟಿನ ಸ್ಥಿತಿ. ವಾಸಿಯಾಯಿತೆಂದರೆ ಮಗ್ಗ, ಇಲ್ಲವೆಂದರೆ ಕಾಲು. ಮೂರು ಒದೆ ಅರ್ಧ ನಿಮಿಷದ ಮಾತು, ಫೈನಲ್ಲು ಇಡೀ ದಿನದ್ದು ಎಂದು ಲೆಕ್ಕ ಹಾಕಿ ಒಪ್ಪಿಕೊಂಡ.

ಬೆಳಿಗ್ಗೆ ಅವನನ್ನು ಹೊಸ್ತಿಲ ಮೇಲೆ ಬೋರಲು ಮಲಗಿಸಲಾಯಿತು. ದಾಕ್ಷಾಯಿಣಿ ಮೊದಲು ಅವನ ಪಾದ ಮುಟ್ಟಿ ನಮಸ್ಕರಿಸಿದಳು (ಶಾಸ್ತ್ರ ಬಿಡಬಾರದು), ಆಮೇಲೆ ಸೀರೆಯ ನೆರಿಗೆ ಎತ್ತಿ ಕಟ್ಟಿದಳು. ಮೊದಲನೆಯ ಒದೆ ಶಾಸ್ತ್ರಕ್ಕಿತ್ತು. ಎರಡನೆಯದು ಅತ್ತೆಯ ಮಾತಿಗಿತ್ತು. ಮೂರನೆಯದು ಅವಳ ಸ್ವಂತದ್ದು, ಎಂಟು ವರ್ಷದ್ದು.

ಸೊಂಟದಲ್ಲಿ ಏನೋ ಕಳಕ್ ಎಂದಿತು.

“ಅಯ್ಯೋ! ಎಡಗಡೆ ಕಣೇ, ಎಡಗಡೆ! ಕಾಲಿಗೂ ಇಳೀತೈತೆ!”

ನಿನ್ನೆ ಕೇಳಿದ್ದಕ್ಕೆಲ್ಲ ಇಂದು ಸ್ಪಷ್ಟ ಉತ್ತರ ಸಿಕ್ಕಿತ್ತು. ಅಷ್ಟರಲ್ಲಿ ಚಿರಂಜೀವಿಯ ಫೋನ್ ಬಂತು.

“ಭಾವ, ನಮ್ಮ ಪಕ್ಕದ ಮನೆ ತೇಜಶ್ರೀನೂ ಅಕ್ಕನಂಗೇ ಕೋಡಿಂಗ್ ಮಾಡಾದು. ನಿಮ್ಮ ಚೀಟಿ ತೋರಿಸ್ದೆ. ಜಡ್ 76.5 ಅಂದ್ರೆ ‘ರೋಗ ಇಲ್ಲ, ಬೇಕಂತ್ಲೇ ನಾಟಕ ಮಾಡ್ತಾನೆ’ ಅಂತಂತೆ. ಎಂಟೂವರೆ ಬಸ್ಸಿಗೆ ಬಂದ್ಬಿಡ್ರಿ.”

ಅಜ್ಜಪ್ಪ ಮಲಗಿದಲ್ಲಿಂದಲೇ ಹೆಂಡತಿಯ ಮುಖ ನೋಡಿದ. “ಅದಕ್ಕೂ ನಂಬರ್ ಐತೇನೇ?”

“ಎಲ್ಲದಕ್ಕೂ ಐತೆ ರೀ. ಏಳ್ರಿ, ಬಸ್ಸಿಗೆ ಹೊತ್ತಾತು.”

ಮೊಳಕಾಲ್ಮೂರಿನಲ್ಲಿ ಅವನು ಮಗ್ಗದ ಮೂಲೆ ಹಿಡಿದ. ಹಿಡಿಯದೆ ವಿಧಿಯಿರಲಿಲ್ಲ, ಅವನ ನಂಬರು ಆ ಹೊತ್ತಿಗೆ ಇಡೀ ಓಣಿಗೆ ಬಾಯಿಪಾಠವಾಗಿತ್ತು. ಹೆಜ್ಜೆಗೊಮ್ಮೆ “ಅಮ್ಮಾ” ಎಂದು ನರಳಿದಾಗಲೆಲ್ಲ ಎದುರಿನ ಜಗಲಿಯ ಮುದುಕರು “ಭಲೇ ಚೇಸ್ತಾಡಪ್ಪಾ!” ಎಂದು ತೆಲುಗಿನಲ್ಲಿ ಅವನ ನಟನೆಯನ್ನು ಮೆಚ್ಚಿದರು. ಬಾಗಿಲಲ್ಲಿ ನಿಂತ ದಾಕ್ಷಾಯಿಣಿಯ ಮುಖದಲ್ಲಿ ಮಾತ್ರ ಹೆಮ್ಮೆಯಿತ್ತು. ಮದುವೆಯ ದಿನ ಬಿಟ್ಟರೆ ಅಜ್ಜಪ್ಪ ಅದನ್ನು ಕಂಡಿರಲಿಲ್ಲ. ನೋವಿನ ನಡುವೆಯೂ ಅವನಿಗೆ ಖುಷಿಯಾಯಿತು.

ವಾಪಸು ಬಸ್ಸಿನಲ್ಲಿ ಸೀಟು ಖಾಲಿಯಿದ್ದರೂ ಅವನು ನಿಂತೇ ಬಂದ.

“ಈಗಿಂದು ನಿಜ ಕಣೇ. ಇದಕ್ಕೊಂದು ಸರಿಯಾದ ನಂಬರ್ ಹಾಕು.”

“ಹಾಕ್ತೀನಿ. ಒದೆ ತಿಂದಿದ್ದಕ್ಕೂ ಬೇರೆ ನಂಬರ್ ಐತೆ. ಆದ್ರೆ ವಾಸಿ ಆಗಿಲ್ಲ ಅಂತ ಅತ್ತೆಗೆ ಗೊತ್ತಾಗ್ತೈತೆ. ಒಂದೇ ಸಲಕ್ಕೆ ಹೋಗದಿದ್ರೆ ಮೂರು ಭಾನುವಾರ ಒದೀಬೇಕಂತೆ.”

ಮೂರು ಮೂರಲ ಒಂಬತ್ತು ಒದೆ ಎಂದು ಅಜ್ಜಪ್ಪ ಚಳ್ಳಕೆರೆ ಬರುವವರೆಗೆ ಲೆಕ್ಕ ಹಾಕಿದ.

ಬಾಗಿಲಲ್ಲೇ ಯರ್ರಮ್ಮ ಕಾಯುತ್ತಿದ್ದರು. “ಸೊಂಟ ಹೆಂಗೈತೋ?”

ಅಜ್ಜಪ್ಪ ಬಾಗಿಲ ಚೌಕಟ್ಟನ್ನು ಎರಡೂ ಕೈಯಲ್ಲಿ ಹಿಡಿದು, ಹಲ್ಲು ಕಚ್ಚಿ, “ಪೂರ್ತಿ ವಾಸಿ ಆಗೈತವ್ವಾ” ಎಂದ.

“ನಾ ಹೇಳ್ಲಿಲ್ವಾ!” ಎಂದು ಯರ್ರಮ್ಮ ಸಂತೋಷದಿಂದ ಪಕ್ಕಕ್ಕೆ ಸರಿದರು. ಅವರ ಹಿಂದೆ ಪರಶುರಾಂಪುರದ ಹೊಲದಿಂದ ಅವತ್ತೇ ಬಂದಿಳಿದ ಎರಡು ಶೇಂಗಾ ಮೂಟೆಗಳಿದ್ದವು.

“ಹಂಗಾದ್ರೆ ಇವನ್ನ ಅಟ್ಟಕ್ಕೆ ಹಾಕ್ಬಿಡಪ್ಪ.”